ಮೊದಲ ಟಾಕಿಗಳ ಸಣ್ಣ ಪಾತ್ರಧಾರಿಗಳು: ಹಾಸನ, ಚಿಕ್ಕಮಗಳೂರು ಕಡೆಯವರಿಗೆ ಏನೇನು ಗೊತ್ತು?

ಅರಸೀಕೆರೆ ಜಂಕ್ಷನ್

ಬಾಲಕೃಷ್ಣ ನಮ್ಮ ಅರಸೀಕೆರೆಯವರು. ಬಾಲಣ್ಣ ಅಂದರೆ ಸಾಕು, ಇಲ್ಲಿ ಯಾರಿಗೂ ಪರಿಚಯ ಬೇಕಿಲ್ಲ. ಕಿವಿ ಮಂದವಾಗಿದ್ದರೂ ಎದುರಿನವರ ತುಟಿ ನೋಡಿಕೊಂಡು ಸರಿಯಾದ ಹೊತ್ತಿಗೆ ಮಾತು ಎತ್ತುತ್ತಿದ್ದರು. ಐನೂರಕ್ಕೂ ಜಾಸ್ತಿ ಚಿತ್ರ ಮಾಡಿದರು. ಬೆಂಗಳೂರಿನಲ್ಲಿ ಅಭಿಮಾನ್ ಸ್ಟುಡಿಯೋ ಕಟ್ಟಿದರು. ಅವರ ಬಗ್ಗೆ ಬರೆಯುವವರು ಬೇಕಾದಷ್ಟು ಜನ ಇದ್ದಾರೆ, ಬರೆಯಲಿ.

ನಾನು ಕೇಳಬೇಕೆಂದಿರುವುದು ಬೇರೆ. ಬಾಲಣ್ಣನ ಮೊದಲ ಚಿತ್ರ 'ರಾಧಾರಮಣ', 1943ರದ್ದು. ಜಿ.ವಿ. ಅಯ್ಯರ್ ಕೂಡ ತೆರೆಗೆ ಬಂದದ್ದು ಅದರಲ್ಲೇ. ಅದನ್ನು ತೆಗೆದವರು ಎಂ.ವಿ. ರಾಜಮ್ಮ. ಕನ್ನಡದ ಮೊದಲ ಮಹಿಳಾ ನಿರ್ಮಾಪಕಿ ಅಂತ ಅವರನ್ನು ಈಗಲೂ ನೆನೆಯುತ್ತೇವೆ. ಆ ಹೊತ್ತಿಗೆ ಬಾಲಣ್ಣ, ಅಯ್ಯರ್ ಇಬ್ಬರೂ ಹೆಸರಿಲ್ಲದ ನಟರು. ಆ ಒಂದೇ ಚಿತ್ರ ಮಾಡಿ ಬಾಲಣ್ಣ ಊರಿಗೆ ವಾಪಸ್ ಬಂದಿದ್ದರೆ ಇವತ್ತು ನಮ್ಮಲ್ಲಿ ಯಾರಿಗಾದರೂ ಅವರ ಹೆಸರು ಗೊತ್ತಿರುತ್ತಿತ್ತಾ? ಖಂಡಿತ ಇಲ್ಲ.

ಹಾಗೆ ವಾಪಸ್ ಬಂದವರು ಎಷ್ಟು ಜನ ಇರಬೇಕು, ಯೋಚನೆ ಮಾಡಿ. 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ 'ಸತಿ ಸುಲೋಚನ' ಬಿಡುಗಡೆ ಆಯಿತು. ಕನ್ನಡದಲ್ಲಿ ತೆರೆಗೆ ಬಂದ ಮೊದಲ ಟಾಕಿ, ಅಂದರೆ ಮಾತಿನ ಚಿತ್ರ. ಸುಬ್ಬಯ್ಯ ನಾಯ್ಡು ಅವರ ಇಂದ್ರಜಿತು, ನಾಗೇಂದ್ರರಾಯರ ರಾವಣ, ತ್ರಿಪುರಾಂಬ ಅವರ ಸುಲೋಚನ, ಲಕ್ಷ್ಮೀಬಾಯಿ ಅವರ ಮಂಡೋದರಿ. ಇಷ್ಟು ಎಲ್ಲ ಕಡೆ ಸಿಗುತ್ತದೆ. ಆದರೆ ಅದು ಲಂಕೆಯ ಕಥೆ. ಕಪಿಗಳು ಬೇಕು, ರಾಕ್ಷಸರು ಬೇಕು, ಸಖಿಯರು ಬೇಕು, ದೂತರು ಬೇಕು. ಅವರೆಲ್ಲ ಯಾರು? ಯಾವ ಊರಿನವರು?

ನಮ್ಮ ಎರಡು ಜಿಲ್ಲೆಯ ಮನೆಗಳಲ್ಲಿ ಇದಕ್ಕೆ ಸ್ವಲ್ಪವಾದರೂ ಉತ್ತರ ಇರಬೇಕು ಅಂತ ನನಗೆ ಬಲವಾಗಿ ಅನಿಸುತ್ತದೆ. ನಾಟಕ ಕಂಪನಿಗಳು ಊರಿಂದೂರಿಗೆ ರೈಲಿನಲ್ಲೇ ಓಡಾಡುತ್ತಿದ್ದ ಕಾಲ ಅದು. ಬೆಂಗಳೂರು, ಹುಬ್ಬಳ್ಳಿ, ಮೈಸೂರು, ಎಲ್ಲ ದಾರಿಯೂ ಅರಸೀಕೆರೆಯಲ್ಲಿ ಸೇರುತ್ತಿತ್ತು. ಪಕ್ಕದ ತಿಪಟೂರಿನಿಂದ ನರಸಿಂಹರಾಜು ಬಂದರು, ಇಲ್ಲಿಂದ ಬಾಲಣ್ಣ ಹೋದರು. ಇಬ್ಬರೇ ಹೋಗಿರಲಿಕ್ಕೆ ಸಾಧ್ಯವೇ ಇಲ್ಲ. ಗೊತ್ತಿರುವವರು ದಯವಿಟ್ಟು ಬರೆಯಿರಿ. ಅಜ್ಜಿ ಹೇಳಿದ ಮಾತಾದರೂ ಪರವಾಗಿಲ್ಲ, ಒಂದು ಹಳೆ ಹ್ಯಾಂಡ್‌ಬಿಲ್ ಆದರೂ ಸರಿ.

ಹಾರ್ಮೋನಿಯಂ ಮೇಷ್ಟ್ರು

ಒಳ್ಳೆಯ ವಿಷಯ ಎತ್ತಿದ್ದೀರಿ. ನಾಟಕದ ಕಡೆಯಿಂದ ಒಂದೆರಡು ಮಾತು ಸೇರಿಸುತ್ತೇನೆ.

ಆ ಕಾಲದ ಕನ್ನಡ ಟಾಕಿಗೆ ನಟರನ್ನು ಒಬ್ಬೊಬ್ಬರಾಗಿ ಆರಿಸುತ್ತಿದ್ದದ್ದು ಕಡಿಮೆ. ನಾಟಕ ಮಂಡಳಿಯೇ ಇಡಿಯಾಗಿ ಕ್ಯಾಮೆರಾ ಮುಂದೆ ಹೋಗಿ ನಿಲ್ಲುತ್ತಿತ್ತು. 'ಸತಿ ಸುಲೋಚನ'ದ ಶೂಟಿಂಗ್ ನಡೆದದ್ದು ಕೊಲ್ಹಾಪುರದಲ್ಲಿ. ನಮ್ಮಲ್ಲಿ ಆಗ ಸ್ಟುಡಿಯೋ ಎಲ್ಲಿತ್ತು? ಆಮೇಲೆ ಬಂದ ಚಿತ್ರಗಳಿಗೂ ಮದ್ರಾಸೋ ಮತ್ತೊಂದೋ ಊರು ಹುಡುಕಿಕೊಂಡು ಹೋಗಬೇಕಿತ್ತು. ವೇಷ, ವಾದ್ಯ, ಅಡುಗೆಯವರು, ಎಲ್ಲ ಸೇರಿ ಒಂದು ಕುಟುಂಬ ಗುಳೆ ಹೊರಟ ಹಾಗೆ ಹೋಗುತ್ತಿದ್ದರು.

ಕಂಪನಿಯಲ್ಲಿ ಸಣ್ಣ ಪಾತ್ರದವನಿಗೆ ಒಂದೇ ಕೆಲಸ ಅಂತ ಇರಲಿಲ್ಲ. ಬೆಳಿಗ್ಗೆ ಪರದೆ ಕಟ್ಟುವುದು, ಸಂಜೆ ದ್ವಾರಪಾಲಕ, ನಡುವೆ ಋಷಿ, ಕೊನೆಗೆ ಮಂಗಳಾರತಿಯ ಮೇಳದಲ್ಲಿ ದನಿಗೂಡಿಸುವುದು. ದೊಡ್ಡ ನಟರಿಗೆ ಜ್ವರ ಬಂದ ದಿನ ಅವರ ಪಾತ್ರಕ್ಕೂ ಇವನೇ. ಮಾತು, ಹಾಡು ಎಲ್ಲ ಬಾಯಿಗೆ ಬರುತ್ತಿತ್ತು. ಹೀಗೆ ತಯಾರಾದವರೇ ಮೊದಲ ಟಾಕಿಗಳಿಗೆ ಆಧಾರ.

ಧ್ವನಿಯ ವಿಷಯ ಇನ್ನೂ ಮುಖ್ಯ. ಹಿನ್ನೆಲೆ ಗಾಯನ ಬಳಕೆಗೆ ಬರುವ ಮುಂಚೆ ನಟರೇ ಹಾಡಬೇಕು. ಅದೂ ಕ್ಯಾಮೆರಾ ಓಡುತ್ತಿರುವಾಗಲೇ. ಹಾರ್ಮೋನಿಯಂ, ತಬಲಾದವರು ಚೌಕಟ್ಟಿನ ಆಚೆ, ಗಿಡದ ಮರೆಯಲ್ಲೋ ಕಂಬದ ಹಿಂದೆಯೋ ಕೂತು ನುಡಿಸುತ್ತಿದ್ದರು. ಇದ್ದ ಮೈಕಿಗೆ ಎಲ್ಲರ ದನಿಯೂ ಹೋಗಬೇಕು. ಮೈಕ್ ಹತ್ತಿರ ಇದ್ದವನ ಮಾತು ಕೇಳಿಸಿತು, ಎರಡು ಹೆಜ್ಜೆ ಹಿಂದೆ ನಿಂತವನದ್ದು ಹೋಯಿತು. ಮೂರನೇ ಸಾಲಿನಲ್ಲಿ ಕೂತ ರೈತನಿಗೂ ಹಿಂದಿನ ನೆಲದ ಸೀಟಿನವನಿಗೂ ಕೇಳುವಂತೆ ದನಿ ಎತ್ತಿ ಅಭ್ಯಾಸವಾದವರು ಇವರು. ಅವರಿಗೆ 'ಮೆಲ್ಲಗೆ ಮಾತಾಡಿ' ಅಂದರೆ ಅದೇ ಕಷ್ಟ. ತಪ್ಪಿದರೆ ಹಾಡು ಪೂರ್ತಿ ಮತ್ತೆ ಮೊದಲಿಂದ. ಒಬ್ಬ ಸಖಿ ಶ್ರುತಿ ಬಿಟ್ಟರೆ ನಾಯಕಿಯ ಟೇಕ್ ಕೂಡ ಹಾಳು. ಹಾಗಾಗಿ ಸಣ್ಣ ಪಾತ್ರಕ್ಕೆ ಯಾರಾದರೂ ನಡೆಯುತ್ತದೆ ಅನ್ನುವ ಮಾತು ಆ ಕಾಲಕ್ಕೆ ಹೊಂದುವುದಿಲ್ಲ.

'ಸತಿ ಸುಲೋಚನ'ದ ಸಂಗೀತದಲ್ಲಿ ನಾಗೇಂದ್ರರಾಯರ ಜೊತೆ ಎಚ್.ಆರ್. ಪದ್ಮನಾಭ ಶಾಸ್ತ್ರಿಗಳ ಹೆಸರಿದೆ. ಕಥೆ, ಮಾತು, ಹಾಡು ಬೆಳ್ಳಾವೆ ನರಹರಿ ಶಾಸ್ತ್ರಿಗಳದ್ದು. ಈ ಹೆಸರುಗಳನ್ನೂ ಜನ ಈಗ ಮರೆತಿದ್ದಾರೆ, ಇನ್ನು ಕಪಿಸೇನೆಯ ಮಾತು ಎಲ್ಲಿ ಬಂತು.

ಕಾಫಿ ಹೂವು

ಚಿಕ್ಕಮಗಳೂರಿನ ಪರವಾಗಿ ನಾನು ಬರೆಯಲೇಬೇಕು. ಬಿ. ಜಯಮ್ಮ ಹುಟ್ಟಿದ್ದು ನಮ್ಮೂರಿನಲ್ಲಿ, 1915ರಲ್ಲಿ. ಗುಬ್ಬಿ ವೀರಣ್ಣನವರ ನಾಟಕ ಕಂಪನಿಯ ಜಯಮ್ಮ. ವೀರಣ್ಣನವರ ಹೆಂಡತಿ ಅಂತ ಒಂದೇ ಸಾಲಿನಲ್ಲಿ ಮುಗಿಸಿಬಿಡುತ್ತಾರೆ, ಅದು ನನಗೆ ತುಂಬಾ ಬೇಜಾರು. ಮೂಕಿ ಚಿತ್ರಗಳ ಕಾಲದಿಂದ ಕ್ಯಾಮೆರಾ ಕಂಡವರು. 'ಸುಭದ್ರಾ', 'ಜೀವನ ನಾಟಕ', 'ಹೇಮರೆಡ್ಡಿ ಮಲ್ಲಮ್ಮ', ಆಮೇಲೆ 1953ರ 'ಗುಣಸಾಗರಿ'.

ಅವರು ನಾಯಕಿ, ಪೋಷಕ ನಟಿ ಅಲ್ವಲ್ಲ ಅಂತ ನೀವು ಕೇಳಬಹುದು. ಅದಕ್ಕೇ 1945ರ ತೆಲುಗು ಚಿತ್ರ 'ಸ್ವರ್ಗಸೀಮ' ನೆನಪಿಸುತ್ತೇನೆ. ಬಿ.ಎನ್. ರೆಡ್ಡಿ ಅವರದ್ದು. ನಾಗಯ್ಯ ಅದರಲ್ಲಿ ಗಂಡ. ಭಾನುಮತಿ ಅವನನ್ನು ಸೆಳೆದುಕೊಳ್ಳುವ ನಟಿ. ಜಯಮ್ಮ ಮನೆಯಲ್ಲಿ ಉಳಿಯುವ ಹೆಂಡತಿ. ಮಾತು, ಹಾಡು, ಮೆರಗು ಎಲ್ಲ ಭಾನುಮತಿಯ ಕಡೆ. ಇವರಿಗೆ ಇರುವುದು ಸಹಿಸಿಕೊಳ್ಳುವ ಪಾತ್ರ. ಅಂಥ ಪಾತ್ರದಲ್ಲಿ ಅಳುವುದು ಸುಲಭ, ಘನತೆ ಉಳಿಸಿಕೊಳ್ಳುವುದು ಕಷ್ಟ. ಜಯಮ್ಮ ಉಳಿಸಿಕೊಂಡಿದ್ದಾರೆ. ಬೇರೆ ಭಾಷೆ, ಎದುರಿಗೆ ಭಾನುಮತಿ, ಆದರೂ ಮನೆಯ ದೃಶ್ಯ ಬಂದಾಗ ಕಣ್ಣು ಇವರ ಮೇಲೆ ನಿಲ್ಲುತ್ತದೆ. ಎರಡನೇ ಸ್ಥಾನದ ಪಾತ್ರವನ್ನು ಹೇಗೆ ಹೊರಬೇಕು ಅಂತ ಕಲಿಯಬೇಕಾದರೆ ಇದನ್ನು ನೋಡಬೇಕು.

ಇನ್ನೊಬ್ಬರ ಹೆಸರನ್ನೂ ಇಲ್ಲೇ ಹೇಳಿಬಿಡುತ್ತೇನೆ. ಎಸ್.ಕೆ. ಪದ್ಮಾದೇವಿ. ನಮ್ಮ ಜಿಲ್ಲೆಯವರು ಅಂತ ಹೇಳುತ್ತಿಲ್ಲ, ಆದರೆ ಈ ಚರ್ಚೆಗೆ ಅವರು ಬೇಕೇ ಬೇಕು. ಚಿಕ್ಕ ವಯಸ್ಸಿನಲ್ಲೇ ಮೊದಲ ತಲೆಮಾರಿನ ಟಾಕಿಗಳಿಗೆ ಬಂದವರು. 1936ರ 'ಸಂಸಾರ ನೌಕ'ದಲ್ಲಿ ಇದ್ದರು. ಆಮೇಲೆ ಬೆಂಗಳೂರು ಆಕಾಶವಾಣಿಯ ನಾಟಕಗಳಲ್ಲಿ ದನಿಯಾದರು. ತೀರಿಕೊಂಡದ್ದು 2019ರಲ್ಲಿ. ಅಂದರೆ ನಮ್ಮ ಕೈಯಲ್ಲಿ ಮೊಬೈಲ್ ಬಂದ ಮೇಲೂ ಎಷ್ಟೋ ವರ್ಷ ಮೂವತ್ತರ ದಶಕದ ಕನ್ನಡ ಟಾಕಿಯ ಒಬ್ಬ ನಟಿ ನಮ್ಮ ನಡುವೆ ಇದ್ದರು. ನಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತಿತ್ತು?

ಹೇಮಾವತಿ ದಂಡೆ

ನಮ್ಮ ಹೊಳೆನರಸೀಪುರದ ಮನೆಯ ಅಟ್ಟದಲ್ಲಿ ಹಳೆ ಟ್ರಂಕ್ ಒಂದಿದೆ. ಅದರಲ್ಲಿ ಜಮೀನಿನ ಕಾಗದಗಳ ಜೊತೆ 'ಹೇಮರೆಡ್ಡಿ ಮಲ್ಲಮ್ಮ' ಚಿತ್ರದ ಪದ್ಯಾವಳಿ ಸಿಕ್ಕಿತು. ಅಜ್ಜಿ ಕೊಂಡದ್ದು. ಟೆಂಟಿನ ಬಾಗಿಲಲ್ಲಿ ಇಂಥವನ್ನು ಕೆಲವೇ ಕಾಸಿಗೆ ಮಾರುತ್ತಿದ್ದರಂತೆ. ಸಿನಿಮಾ ಮುಗಿಸಿ ಮನೆಗೆ ಬಂದ ಹೆಂಗಸರು ಅದನ್ನು ಇಟ್ಟುಕೊಂಡು ಹಾಡು ಕಲಿಯುತ್ತಿದ್ದರು.

ಅಂಗೈಗಿಂತ ಸ್ವಲ್ಪ ದೊಡ್ಡ ಪುಸ್ತಕ. ಕಾಗದ ಎಷ್ಟು ಒಣಗಿದೆ ಅಂದರೆ ಮಡಿಕೆ ಇರುವಲ್ಲಿ ಮುಟ್ಟಿದರೆ ಪುಡಿಯಾಗುತ್ತದೆ. ಹೊಲಿಗೆ ಹಾಕಿದ ಪಿನ್ನು ತುಕ್ಕು ಹಿಡಿದು ಸುತ್ತ ಕಂದು ಕಲೆ. ಮೊದಲು ಕಥಾಸಾರ. ಕಥೆಯನ್ನು ಪೂರ್ತಿ ಹೇಳುವುದಿಲ್ಲ, ಕುತೂಹಲ ಇರುವ ಜಾಗದಲ್ಲಿ ನಿಲ್ಲಿಸಿ ಉಳಿದದ್ದನ್ನು ತೆರೆಯ ಮೇಲೆ ನೋಡಿರಿ ಅನ್ನುತ್ತದೆ. ಆಮೇಲೆ ಹಾಡುಗಳು. ಪ್ರತಿ ಹಾಡಿನ ನೆತ್ತಿಯ ಮೇಲೆ ರಾಗ, ತಾಳ. ಕೆಲವು ಸಾಲುಗಳ ಪಕ್ಕ ಅಜ್ಜಿ ಪೆನ್ಸಿಲಿನಲ್ಲಿ ಗೆರೆ ಎಳೆದಿದ್ದಾರೆ. ಎಲ್ಲಿ ಉಸಿರು ತೆಗೆದುಕೊಳ್ಳಬೇಕು ಅಂತ ಇರಬೇಕು.

ಪಾತ್ರವರ್ಗದ ಪುಟ ಎರಡು ಕಾಲಮ್ಮು. ಎಡಗಡೆ ಪಾತ್ರ, ಬಲಗಡೆ ನಟರ ಹೆಸರು. ಬಲಗಡೆಯ ಅಂಚನ್ನು ಗೆದ್ದಲು ತಿಂದಿದೆ. ಮೇಲಿನ ಒಂದೆರಡು ಹೆಸರು ಉಳಿದಿವೆ, ಅವು ಹೇಗೂ ಎಲ್ಲರಿಗೂ ಗೊತ್ತು. ಕೆಳಗೆ ಬರುಬರುತ್ತಾ ಎಡಗಡೆ ಮಾತ್ರ. ಅತ್ತೆ ಇದ್ದಾಳೆ, ಯಾರು ಮಾಡಿದ್ದು ಅಂತ ಇಲ್ಲ. ಎಷ್ಟು ಹೊತ್ತು ಆ ಪುಟ ನೋಡುತ್ತಾ ಕೂತಿದ್ದೆನೋ. ಇದೇ ಪದ್ಯಾವಳಿ ಬೇರೆ ಯಾರ ಮನೆಯಲ್ಲಾದರೂ ಇದ್ದರೆ ದಯವಿಟ್ಟು ಆ ಒಂದು ಪುಟದ ಫೋಟೋ ಹಾಕಿ. ಇನ್ನೇನೂ ಬೇಡ.

ಸಕಲೇಶಪುರ ಘಾಟ್

ಒಂದು ಸಣ್ಣ ಪ್ರಶ್ನೆ. ಪುಸ್ತಕ ಹುಡುಕುವ ಬದಲು ಚಿತ್ರವನ್ನೇ ನೋಡಿ ಮುಖ ಗುರುತಿಸಬಹುದಲ್ಲ? ಹೆಸರುಗಳೂ ಶುರುವಿನಲ್ಲಿ ಬರುತ್ತವೆ.

ಅರಸೀಕೆರೆ ಜಂಕ್ಷನ್

@ಸಕಲೇಶಪುರ ಘಾಟ್ ನೋಡಲು ಚಿತ್ರ ಇರಬೇಕಲ್ಲ. 'ಸತಿ ಸುಲೋಚನ'ದ ಪ್ರಿಂಟ್ ಇವತ್ತು ಇಲ್ಲ. ಆ ಕಾಲದ ಫಿಲಂ ನೈಟ್ರೇಟ್ ಜಾತಿಯದ್ದು. ಬೇಗ ಬೆಂಕಿ ಹಿಡಿಯುತ್ತದೆ. ಒಮ್ಮೆ ಹಿಡಿದರೆ ನೀರಿಗೆ ಹಾಕಿದರೂ ಆರುವುದಿಲ್ಲ, ಉರಿಯಲು ಬೇಕಾದ ಆಮ್ಲಜನಕ ಅದರೊಳಗಿಂದಲೇ ಬರುತ್ತದೆ. ಬೆಂಕಿ ತಗಲದಿದ್ದರೂ ಸೆಕೆಯಲ್ಲಿ, ತೇವದಲ್ಲಿ ಅಂಟಂಟಾಗಿ, ಕೊನೆಗೆ ಕಂದು ಪುಡಿ ಆಗಿಬಿಡುತ್ತದೆ. ನಮ್ಮ ಮಲೆನಾಡಿನ ಮಳೆಗಾಲದಲ್ಲಿ ಟೂರಿಂಗ್ ಟಾಕೀಸಿನ ಡಬ್ಬಿಗಳು ಎಷ್ಟು ದಿನ ಬಾಳಿರಬಹುದು, ನೀವೇ ಊಹಿಸಿ. ಓಡಿ ಓಡಿ ಗೀರು ಬಿದ್ದ ಪ್ರಿಂಟನ್ನು ಅದರಲ್ಲಿರುವ ಬೆಳ್ಳಿಗಾಗಿ ಕರಗಿಸುವವರಿಗೆ ಮಾರುವುದೂ ಇತ್ತು.

ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾದದ್ದು 1964ರಲ್ಲಿ. ಅಷ್ಟು ಹೊತ್ತಿಗೆ ನಮ್ಮ ಮೊದಲ ಟಾಕಿಗೆ ಮೂವತ್ತು ವರ್ಷ. ಉಳಿಸುವವರು ಬರುವಷ್ಟರಲ್ಲಿ ಬಹಳಷ್ಟು ಹೋಗಿತ್ತು. ಅದಕ್ಕೇ ಕಾಗದದ ಮೇಲೆ ಇಷ್ಟು ಆಸೆ. ಹೇಮಾವತಿಯವರ ಪುಟ ಓದಿ ಹೊಟ್ಟೆ ಉರಿಯಿತು.

ಮುಳ್ಳಯ್ಯನಗಿರಿ

ಎಲ್ಲ ಓದುತ್ತಾ ಬಂದೆ. ಒಂದು ಮಾತು ಕೇಳುತ್ತೇನೆ, ತಪ್ಪು ತಿಳಿಯಬೇಡಿ. ಮುಖ್ಯ ನಟರ ಬಗ್ಗೆಯೇ ಸರಿಯಾದ ಪುಸ್ತಕಗಳು ಕಡಿಮೆ. ಲಕ್ಷ್ಮೀಬಾಯಿ ಅವರ ಬಗ್ಗೆ ಒಂದು ಪೂರ್ಣ ಲೇಖನ ಹುಡುಕಿದರೂ ಕಷ್ಟ. ಹೀಗಿರುವಾಗ ದ್ವಾರಪಾಲಕ ಯಾರು, ಸಖಿ ಯಾರು ಅಂತ ಶಕ್ತಿ ಹಾಕುವುದಕ್ಕಿಂತ ಮೊದಲ ಸಾಲಿನವರ ಕೆಲಸವನ್ನು ಮೊದಲು ಮುಗಿಸಬಾರದಾ?

ಹಾರ್ಮೋನಿಯಂ ಮೇಷ್ಟ್ರು

ನಿಮ್ಮ ಕಾಳಜಿ ಸರಿ. ಆದರೆ ಮೊದಲ ಸಾಲು, ಎರಡನೇ ಸಾಲು ಅಂತ ಬೇರೆ ಮಾಡುವುದು ಅಷ್ಟು ಸುಲಭ ಅಲ್ಲ.

1931ರ 'ಆಲಂ ಆರಾ' ತೆಗೆದುಕೊಳ್ಳಿ. ಭಾರತದ ಮೊದಲ ಟಾಕಿ. ಅದರ ಮೊದಲ ಹಾಡು, ಅಂದರೆ ನಮ್ಮ ದೇಶದ ಸಿನಿಮಾದ ಮೊದಲ ಹಾಡು ಅಂತ ಎಲ್ಲರೂ ಹೇಳುವುದು, ನಾಯಕನದ್ದೂ ಅಲ್ಲ, ನಾಯಕಿಯದ್ದೂ ಅಲ್ಲ. ಫಕೀರನ ಪಾತ್ರ ಮಾಡಿದ ವಜೀರ್ ಮಹಮ್ಮದ್ ಖಾನ್ ಹಾಡಿದ್ದು. ದೇವರ ಹೆಸರಲ್ಲಿ ಭಿಕ್ಷೆ ಕೊಡಿ ಅಂತ ಬೇಡುವ ಹಾಡು. ಆ ಚಿತ್ರವೂ ಇಲ್ಲ, ಆ ದನಿಯೂ ಇಲ್ಲ. ಹೆಸರು ಮಾತ್ರ ಉಳಿಯಿತು. ಯಾರೋ ಒಬ್ಬರು ಬರೆದಿಟ್ಟರು, ಅದಕ್ಕೇ ಉಳಿಯಿತು.

ಅದೇ ಚಿತ್ರದಲ್ಲಿ ಸಣ್ಣ ಪಾತ್ರ ಮಾಡಿದ ಇನ್ನೊಬ್ಬ ಹುಡುಗ ಎಲ್.ವಿ. ಪ್ರಸಾದ್. ಹಿಂದಿಯ 'ಆಲಂ ಆರಾ', ತಮಿಳಿನ 'ಕಾಳಿದಾಸ್', ತೆಲುಗಿನ 'ಭಕ್ತ ಪ್ರಹ್ಲಾದ', ಮೂರು ಭಾಷೆಯ ಮೊದಲ ಟಾಕಿಗಳಲ್ಲೂ ಅವರಿದ್ದರು. ಆಮೇಲೆ ದೊಡ್ಡ ನಿರ್ದೇಶಕರಾದರು, ಸ್ಟುಡಿಯೋ ಕಟ್ಟಿದರು, ಹಾಗಾಗಿ ಇದು ನಮಗೆ ಗೊತ್ತಾಯಿತು. ಅವರ ಪಕ್ಕ ನಿಂತು ಅಷ್ಟೇ ಕೆಲಸ ಮಾಡಿದವರ ಹೆಸರು ಎಲ್ಲಿ?

ಪುರಾಣದ ಕಥೆಗಳಲ್ಲಂತೂ ಪೋಷಕ ಪಾತ್ರವೇ ಎಷ್ಟೋ ಸಲ ಆಟವನ್ನು ಎಳೆದೊಯ್ಯುತ್ತದೆ. ಹರಿಶ್ಚಂದ್ರನ ಕಥೆಯಲ್ಲಿ ನಕ್ಷತ್ರಿಕ ಇಲ್ಲದಿದ್ದರೆ ಏನಿದೆ? ಸಾಲ ವಸೂಲಿಗೆ ಬೆನ್ನು ಬಿದ್ದು ಕಾಡುತ್ತಾ, ನಗಿಸುತ್ತಾ, ಕೊನೆಗೆ ತಾನೇ ಕರಗುವವನು. 'ಸದಾರಮೆ'ಯನ್ನು ನಮ್ಮ ಕಡೆ ಜನ ನೋಡುತ್ತಿದ್ದದ್ದು ಕಳ್ಳನಿಗಾಗಿ. ವೀರಣ್ಣನವರು ಹೆಸರು ಮಾಡಿದ ಪಾತ್ರಗಳಲ್ಲಿ ಅದು ಒಂದು. ಪಾತ್ರ ಕಥೆಯಲ್ಲಿ ಸಣ್ಣದು, ಜನರ ಬಾಯಲ್ಲಿ ದೊಡ್ಡದು. 1941ರ 'ವಸಂತಸೇನ'ದಲ್ಲಿ ನಾಗೇಂದ್ರರಾಯರು ಮಾಡಿದ್ದು ನಾಯಕನ ಪಾತ್ರ ಅಲ್ಲ, ಖಳ ಶಕಾರನದ್ದು. ಅವರಂಥ ನಟರೇ ಹಾಗೆ ಆರಿಸಿಕೊಂಡಾಗ ನಾವು ಯಾಕೆ ನಾಯಕರ ಪಟ್ಟಿ ಹಿಡಿದು ಕೂರಬೇಕು?

ಮುಳ್ಳಯ್ಯನಗಿರಿ

ಫಕೀರನ ಹಾಡಿನ ವಿಷಯ ನನಗೆ ಗೊತ್ತೇ ಇರಲಿಲ್ಲ. ಒಪ್ಪಿದೆ, ಎರಡೂ ಕೆಲಸ ಜೊತೆಗೇ ಆಗಲಿ. ಹಾಗಿದ್ದರೆ ನನ್ನ ಕಡೆಯಿಂದ ಇದು.

ನಲವತ್ತರ ದಶಕದ ಚಿತ್ರಗಳಲ್ಲಿ ಸಣ್ಣ ಪಾತ್ರಗಳು ಕಾಣೆಯಾಗಲು ಯುದ್ಧವೂ ಒಂದು ಕಾರಣ ಅಂತ ನನಗೆ ತೋರುತ್ತದೆ. ಕಚ್ಚಾ ಫಿಲಂ ಹೊರದೇಶದಿಂದ ಬರಬೇಕಿತ್ತು. ಯುದ್ಧ ಶುರುವಾದ ಮೇಲೆ ಸರ್ಕಾರ ಅದಕ್ಕೆ ನಿಯಂತ್ರಣ ಹಾಕಿತು. ಚಿತ್ರದ ಉದ್ದ 11,000 ಅಡಿ ದಾಟಬಾರದು ಅಂತ ಮಿತಿ ಬಂತು. ನಿಮಿಷಕ್ಕೆ 90 ಅಡಿ ಓಡುತ್ತದೆ, ಅಂದರೆ ಎರಡು ಗಂಟೆಯ ಮೇಲೆ ಒಂದೆರಡು ನಿಮಿಷ ಅಷ್ಟೇ. ಅದಕ್ಕೆ ಮುಂಚೆ ಟಾಕಿಗಳು ಮೂರು ಗಂಟೆ ಹತ್ತಿರ ಇರುತ್ತಿದ್ದವು. ರಾತ್ರಿಯಿಡೀ ಆಡುವ ನಾಟಕವನ್ನು ಮೂರು ಗಂಟೆಗೆ ಇಳಿಸುವುದೇ ಕಷ್ಟ. ಅದನ್ನು ಎರಡು ಗಂಟೆಗೆ ತರಬೇಕಾದರೆ ಎಲ್ಲಿ ಕತ್ತರಿ ಬೀಳುತ್ತದೆ? ನಾಯಕಿಯ ಹಾಡಿಗಂತೂ ಅಲ್ಲ.

ಅರಸೀಕೆರೆ ಜಂಕ್ಷನ್

ಈ ಲೆಕ್ಕ ನಾನು ಯೋಚಿಸಿಯೇ ಇರಲಿಲ್ಲ. ಇದರ ಜೊತೆ ಇನ್ನೊಂದು ಸೇರಿಸಿ. 1937ರ ನಂತರ ಕೆಲವು ವರ್ಷ ಕನ್ನಡ ಚಿತ್ರಗಳು ಹೆಚ್ಚುಕಡಿಮೆ ನಿಂತೇ ಹೋಗಿದ್ದವು. 1941ರಲ್ಲಿ 'ಸುಭದ್ರಾ', 'ವಸಂತಸೇನ' ಬಂದ ಮೇಲೆ ಮತ್ತೆ ಉಸಿರು ಬಂತು. ಆ ನಡುವಿನ ವರ್ಷಗಳಲ್ಲಿ ದೊಡ್ಡವರಿಗೆ ಕಂಪನಿ ಇತ್ತು. ಕೆಲವರಿಗೆ ತಮಿಳು ಚಿತ್ರ ಸಿಕ್ಕಿತು, ಹೊನ್ನಪ್ಪ ಭಾಗವತರು 1937ರಲ್ಲೇ 'ಅಂಬಿಕಾಪತಿ'ಯಲ್ಲಿ ಇದ್ದರು. ಒಂದು ಚಿತ್ರದಲ್ಲಿ ದೂತನಾಗಿ ನಿಂತವನಿಗೆ ಏನಿತ್ತು? ಊರಿಗೆ ಬಂದು ಹೊಲ ನೋಡಿಕೊಂಡಿರಬೇಕು. ಹರಿಕಥೆ, ಭಜನೆ, ಪೌರಾಣಿಕ ನಾಟಕ ಕಲಿಸುವ ಮೇಷ್ಟ್ರ ಕೆಲಸ ಮಾಡಿರಬೇಕು. ನಮ್ಮ ಹಳ್ಳಿಗಳಲ್ಲಿ ನಾಟಕ ಕಲಿಸುತ್ತಿದ್ದ ಹಳೆ ಮೇಷ್ಟ್ರುಗಳ ಹಿನ್ನೆಲೆ ಕೆದಕಿದರೆ ಒಬ್ಬಿಬ್ಬರಾದರೂ ಹೀಗೆ ಸಿಕ್ಕೇ ಸಿಗುತ್ತಾರೆ ಅಂತ ನನ್ನ ನಂಬಿಕೆ.

ರಾಗ ಬೇಹಾಗ್

ಬಾಣಾವರದವರು ಯಾರೂ ಬಾಯಿ ಬಿಟ್ಟಿಲ್ಲವಲ್ಲ! ಬಿ.ಎಸ್. ರಾಜ ಅಯ್ಯಂಗಾರ್ ನಮ್ಮ ಬಾಣಾವರದವರು. 'ಜಗದೋದ್ಧಾರನ' ಹಾಡಿದವರು. ಅವರ ಗ್ರಾಮಫೋನ್ ತಟ್ಟೆ ಇಲ್ಲದ ಮನೆ ಇರಲಿಲ್ಲ ಅನ್ನುವಷ್ಟು ಹೆಸರು.

ಅವರನ್ನು ಇಲ್ಲಿ ತಂದದ್ದಕ್ಕೆ ಕಾರಣ ಇದೆ. ಆ ಕಾಲದ ಎಷ್ಟೋ ದನಿ ಉಳಿದಿರುವುದು ತಟ್ಟೆಯಲ್ಲಿ. ಫಿಲಂ ಪುಡಿಯಾಯಿತು, ಅರಗಿನ ತಟ್ಟೆ ಉಳಿಯಿತು. ಒಂದು ಬದಿಗೆ ಮೂರು ನಿಮಿಷ ಚಿಲ್ಲರೆ. ಹಾಡು ಅಷ್ಟರಲ್ಲೇ ಮುಗಿಯಬೇಕು. ನಮ್ಮ ಮನೆಯ ತಟ್ಟೆಯಲ್ಲಿ ಒಂದು ಕಡೆ ಸೀಳು ಇದೆ, ಸುತ್ತಿಗೊಮ್ಮೆ ಟಕ್ ಅನ್ನುತ್ತದೆ. ಆದರೂ ಆ ದನಿ ಎದ್ದು ಬಂದಾಗ ಮೈ ಜುಂ ಅನ್ನುತ್ತದೆ. ಮೈಕನ್ನು ನೆಚ್ಚಿಕೊಳ್ಳದ ಕಂಠ ಅಂದರೆ ಏನು ಅಂತ ಅದರಲ್ಲಿ ಗೊತ್ತಾಗುತ್ತದೆ.

ನಾಟಕಗಳನ್ನೂ ತಟ್ಟೆಗಳಲ್ಲಿ ತರುತ್ತಿದ್ದರು. ನಾಲ್ಕೈದು ತಟ್ಟೆ ಸೇರಿ ಒಂದು ಸೆಟ್. ಮಾತು, ಕಂದ, ಹಾಡು ಎಲ್ಲ ಇರುತ್ತದೆ. ಲೇಬಲ್ ಮೇಲೆ ಮುಖ್ಯ ಗಾಯಕರ ಹೆಸರು, ಕೆಳಗೆ 'ಮತ್ತು ಸಂಗಡಿಗರು'. ಆ ಸಂಗಡಿಗರು ಯಾರು ಅಂತ ನೀವು ಹುಡುಕುತ್ತಿರುವುದು ಅಲ್ವಾ? ತಟ್ಟೆಯ ಹಳೆ ಕವರ್ ಅಥವಾ ಕಂಪನಿಯ ಕೆಟಲಾಗ್ ಯಾರ ಬಳಿಯಾದರೂ ಇದ್ದರೆ ನೋಡಿ. ಕೆಲವೊಮ್ಮೆ ಅದರಲ್ಲಿ ಎಲ್ಲರ ಹೆಸರೂ ಇರುತ್ತದೆ.

ಕಾಫಿ ಹೂವು

ರಾಗ ಬೇಹಾಗ್, ನಿಮ್ಮ ಮಾತಿಗೆ ಖುಷಿಯಾಯಿತು. ಆದರೆ ಎಲ್ಲರಿಗೂ ಒಂದು ವಿನಂತಿ. ಊರಿನ ಅಭಿಮಾನಕ್ಕೆ ಸುಮ್ನೆ ಯಾರನ್ನೂ ನಮ್ಮವರು ಅಂತ ಸೇರಿಸಿಕೊಳ್ಳಬೇಡಿ. ಹೆಸರಿನ ಮುಂದೆ ಊರು ಇದ್ದ ಮಾತ್ರಕ್ಕೆ ಅಲ್ಲೇ ಹುಟ್ಟಿದವರು ಅಂತ ಆಗುವುದಿಲ್ಲ. ಅ.ನ.ಕೃ. ನೋಡಿ. ಮೊದಲ ಅಕ್ಷರ ಅರಕಲಗೂಡು, ಹುಟ್ಟಿದ್ದು ಕೋಲಾರದಲ್ಲಿ. 'ಜೀವನ ನಾಟಕ'ಕ್ಕೆ ಮಾತು ಬರೆದವರು ಅವರು. ಕೆಂಪರಾಜ ಅರಸು, ಹುಬ್ಬಳ್ಳಿಯ ಶಾಂತಾ ಹುಬ್ಳೀಕರ್, ನಮ್ಮ ಜಯಮ್ಮ, ಎಲ್ಲ ಅದರಲ್ಲಿ ಇದ್ದರು. ಅರಕಲಗೂಡಿಗೂ ಕೋಲಾರಕ್ಕೂ ಅವರ ಮೇಲೆ ಹಕ್ಕಿದೆ, ಸರಿ. ಆದರೆ ಹೆಸರೇ ಗೊತ್ತಿಲ್ಲದ ನಟರ ವಿಷಯದಲ್ಲಿ ಒಮ್ಮೆ ತಪ್ಪು ಬರೆದರೆ ತಿದ್ದುವವರು ಯಾರೂ ಇರುವುದಿಲ್ಲ. ಅದು ಹಾಗೇ ಉಳಿದುಬಿಡುತ್ತದೆ.

ಬೇಲೂರು ರಸ್ತೆ

ಎಲ್ಲರಿಗೂ ನಮಸ್ಕಾರ. ಹೊಸಬಳು. ನಮ್ಮ ತಾಯಿಯ ಅಜ್ಜ ಗುಬ್ಬಿ ಕಂಪನಿಯಲ್ಲಿ ಇದ್ದರು, 'ಸದಾರಮೆ' ಟಾಕಿಯಲ್ಲಿ ಪಾತ್ರ ಮಾಡಿದ್ದರು ಅಂತ ಮನೆಯಲ್ಲಿ ಹೇಳುತ್ತಾರೆ. ಒಂದು ಫೋಟೋ ಇದೆ, ತಲೆಗೆ ಪೇಟ, ಮೂಗಿನ ಕೆಳಗೆ ಬರೆದ ಮೀಸೆ. ಇದು ನಿಜವಾ ಅಂತ ಹೇಗೆ ತಿಳಿಯುವುದು? ಅಮ್ಮನಿಗೆ ಈಗ ಎಂಬತ್ತರ ಮೇಲಾಯಿತು. ಕೇಳಬೇಕಾದರೆ ಈಗಲೇ ಕೇಳಬೇಕು.

ಹಾರ್ಮೋನಿಯಂ ಮೇಷ್ಟ್ರು

ಖಂಡಿತ ಈಗಲೇ ಕೇಳಿ. ಒಂದು ಎಚ್ಚರ. 'ಸದಾರಮೆ' ನಾಟಕವಾಗಿ ಸಾವಿರಾರು ಆಟ ಕಂಡದ್ದು, 1935ರಲ್ಲಿ ಟಾಕಿಯೂ ಆಯಿತು. 'ಹರಿಶ್ಚಂದ್ರ'ನೂ ಹಾಗೇ, 'ಸುಭದ್ರಾ'ನೂ ಹಾಗೇ. ಅಜ್ಜ ಸದಾರಮೆಯಲ್ಲಿ ಮಾಡಿದ್ದರು ಅಂದರೆ ರಂಗದ ಮೇಲೋ, ತೆರೆಯ ಮೇಲೋ? ಮನೆಯವರ ನೆನಪಿನಲ್ಲಿ ಎರಡೂ ಒಂದೇ ಆಗಿರುತ್ತದೆ. ರಂಗದ ಮೇಲೆ ಅಂತ ಗೊತ್ತಾದರೂ ಅದು ಕಡಿಮೆ ಅಲ್ಲ.

ಹಾಗಾಗಿ ಅಮ್ಮನನ್ನು 'ಸಿನಿಮಾದಲ್ಲಿ ಇದ್ದರಾ' ಅಂತ ಕೇಳಬೇಡಿ. ಹೌದು ಅಂದುಬಿಡುತ್ತಾರೆ. ಯಾವ ಪಾತ್ರ ಅಂತ ಕೇಳಿ. ಮನೆಯಲ್ಲಿ ಯಾವ ಹಾಡು ಗುನುಗುತ್ತಿದ್ದರು ಅಂತ ಕೇಳಿ. ಶೂಟಿಂಗಿಗೆ ಅಂತ ದೂರದ ಊರಿಗೆ ಹೋಗಿ ತಿಂಗಳುಗಟ್ಟಲೆ ಇದ್ದರಾ, ಕಾಗದ ಬರೆಯುತ್ತಿದ್ದರಾ, ಬರುವಾಗ ಏನು ತಂದರು, ಇದನ್ನೆಲ್ಲ ಕೇಳಿ. ಹೆಂಗಸರಿಗೆ, ಮಕ್ಕಳಿಗೆ ಇಂಥದ್ದು ಮರೆಯುವುದಿಲ್ಲ. ನಾಟಕದ ಕ್ಯಾಂಪ್ ಆದರೆ ಆಟ ಆದ ಊರುಗಳ ಹೆಸರು ಸಾಲಾಗಿ ಬರುತ್ತವೆ, ಟಾಕಿ ಆದರೆ ಒಂದೇ ಊರು, ಬಹಳ ದಿನ.

ಹೇಮಾವತಿ ದಂಡೆ

ಫೋಟೋದ ಬಗ್ಗೆ ನಾನು ಹೇಳುತ್ತೇನೆ. ಫ್ರೇಮಿನಿಂದ ಎಳೆದು ತೆಗೆಯಬೇಡಿ. ಗಾಜಿಗೆ ಅಂಟಿಕೊಂಡಿದ್ದರೆ ಮುಖವೇ ಕಿತ್ತು ಬರುತ್ತದೆ. ಸುಲಭವಾಗಿ ಬಂದರೆ ಮಾತ್ರ ಹಿಂಬದಿ ನೋಡಿ. ಫೋಟೋ ತೆಗೆದ ಅಂಗಡಿಯ ಮೊಹರು, ಊರು, ಕೆಲವೊಮ್ಮೆ ಪೆನ್ಸಿಲಿನಲ್ಲಿ ತಾರೀಕು ಇರುತ್ತದೆ. ಲ್ಯಾಮಿನೇಟ್ ಮಾಡಿಸಲೇಬೇಡಿ. ಕಿಟಕಿಯ ಪಕ್ಕ, ಬಿಸಿಲು ನೇರ ಬೀಳದ ಕಡೆ ಇಟ್ಟು, ಫ್ಲಾಶ್ ಇಲ್ಲದೆ ಮೊಬೈಲಿನಲ್ಲಿ ತೆಗೆಯಿರಿ. ಮುಂದೆ, ಹಿಂದೆ ಎರಡೂ.

ಪೇಟ, ಬರೆದ ಮೀಸೆ ಅಂದಿರಿ. ಹಿಂದೆ ಕಾಣುವುದು ಬಟ್ಟೆಯ ಪರದೆಯಾ, ಕಟ್ಟಿದ ಸೆಟ್ಟಾ ಅಂತಲೂ ನೋಡಿ. ಪರದೆಯಲ್ಲಿ ಸುಕ್ಕು, ಮಡಿಕೆ ಗೊತ್ತಾಗುತ್ತದೆ.

ಅರಸೀಕೆರೆ ಜಂಕ್ಷನ್

ಬೇಲೂರು ರಸ್ತೆಯವರೇ, ಅಮ್ಮ ಮಾತಾಡುವಾಗ ರೆಕಾರ್ಡ್ ಮಾಡಿಕೊಳ್ಳಿ, ಅವರು ಒಪ್ಪಿದರೆ ಮಾತ್ರ. ಮಧ್ಯದಲ್ಲಿ ತಿದ್ದಬೇಡಿ. ವರ್ಷ ತಪ್ಪು ಹೇಳಿದರೂ ಬಿಡಿ, ಅದನ್ನು ಆಮೇಲೆ ನೋಡೋಣ.

ಉಳಿದವರಿಗೆ: ನಾನು ಒಂದು ಪಟ್ಟಿ ಶುರು ಮಾಡುತ್ತಿದ್ದೇನೆ. ಪಾತ್ರ, ನಟರ ಹೆಸರು, ಚಿತ್ರವೋ ನಾಟಕವೋ, ಇದನ್ನು ಎಲ್ಲಿ ನೋಡಿದಿರಿ ಅಥವಾ ಯಾರಿಂದ ಕೇಳಿದಿರಿ. ಇಷ್ಟೇ. ಕೇಳಿದ್ದನ್ನು ಕೇಳಿದ್ದು ಅಂತಲೇ ಬರೆಯೋಣ, ಅಚ್ಚಿನಲ್ಲಿ ನೋಡಿದ್ದನ್ನು ಬೇರೆ ಇಡೋಣ. ಹೆಸರು ಗೊತ್ತಿಲ್ಲದ ಪಾತ್ರಗಳನ್ನೂ ಸೇರಿಸುತ್ತೇನೆ. ಹೇಮಾವತಿಯವರ ಪುಟದ ಅತ್ತೆಯಿಂದಲೇ ಶುರು.

ಬೇಲೂರು ರಸ್ತೆ

ಅಮ್ಮನ ಹತ್ತಿರ ಈಗಷ್ಟೇ ಮಾತಾಡಿದೆ. ಪಾತ್ರ ಯಾವುದು ಅಂತ ಕೇಳಿದ ತಕ್ಷಣ 'ಆದಿಮೂರ್ತಿ' ಅಂದರು. ನಾಟಕವೋ ಟಾಕಿಯೋ ಅಂದರೆ ಯೋಚನೆ ಮಾಡಿ ಹೇಳುತ್ತೇನೆ ಅಂದಿದ್ದಾರೆ. ಚಿಕ್ಕಮ್ಮನ ಮನೆ ತರೀಕೆರೆಯಲ್ಲಿ. ಅಜ್ಜನ ಕಾಗದಗಳು ಅಲ್ಲಿವೆಯಂತೆ. ಮುಂದಿನ ವಾರ ಅಮ್ಮನನ್ನು ಕರೆದುಕೊಂಡು ಹೋಗುತ್ತೇನೆ. ಫೋಟೋ ಇವತ್ತು ಸಂಜೆ ಹಾಕುತ್ತೇನೆ, ಎರಡೂ ಬದಿ.